ಊರಾಚೆಯ ಅಂಗಡಿ, ಕಿಸೆಯೊಳಗಿನ ಪರದೆ



ನಮ್ಮ ಸಂವಾದ ಕಾರ್ಯಕ್ರಮಕ್ಕೆ ಬರುವ ಪತ್ರಗಳಲ್ಲಿ ಒಂದು ಪ್ರಶ್ನೆ ಬೇರೆ ಬೇರೆ ಮಾತುಗಳಲ್ಲಿ ಮತ್ತೆ ಮತ್ತೆ ಕಾಣಿಸಿಕೊಳ್ಳುತ್ತದೆ. ರಾತ್ರಿ ಊಟವಾದ ಮೇಲೆ ಒಂದೇ ಒಂದು ಕಂತು ನೋಡಿ ಮಲಗೋಣವೆಂದು ಕೂರುತ್ತೇವೆ. ತಲೆಯೆತ್ತಿ ಗಡಿಯಾರ ನೋಡಿದಾಗ ಬೆಳಗಿನ ಮೂರು ಗಂಟೆಯಾಗಿರುತ್ತದೆ. ಮರುದಿನ ತರಗತಿಯಲ್ಲಿ ಕಣ್ಣೆಳೆಯುತ್ತದೆ. ಹೀಗೇಕೆ? ನಮಗೆ ಮನೋಬಲವೇ ಇಲ್ಲವೇ?

ಕಂತಿನ ಮೇಲೆ ಕಂತು ನೋಡುತ್ತಾ ಹೋಗುವ ಈ ಅಭ್ಯಾಸಕ್ಕೆ ಇಂಗ್ಲಿಷಿನಲ್ಲಿ 'ಬಿಂಜ್ ವಾಚಿಂಗ್' ಎನ್ನುತ್ತಾರೆ. 2015ರಲ್ಲಿ ಕಾಲಿನ್ಸ್ ನಿಘಂಟು ಇದನ್ನು ವರ್ಷದ ಪದವೆಂದು ಆರಿಸಿತ್ತು. 'ಬಿಂಜ್' ಎಂಬ ಮಾತು ಮೊದಲು ಬಳಕೆಯಲ್ಲಿದ್ದದ್ದು ಕುಡಿತಕ್ಕೆ. ಒಂದೇ ಸಮನೆ ಮಿತಿಮೀರಿ ಕುಡಿಯುವುದು ಎಂದು ಅದರ ಅರ್ಥ. ಕುಡಿತದ ಮಾತನ್ನು ನೋಟಕ್ಕೆ ತಂದು ಹಚ್ಚಿದ್ದು ಸರಿಯೇ ಎಂದು ನೀವು ಕೇಳಬಹುದು. ಅದನ್ನು ಪರೀಕ್ಷಿಸಲು ನಾವು ಹೋಗಬೇಕಾದದ್ದು ಲಂಡನ್ನಿಗಲ್ಲ, ನಮ್ಮ ಚಿತ್ರದುರ್ಗ ಜಿಲ್ಲೆಯ ನನ್ನಿವಾಳಕ್ಕೆ.

ಈಚಲ ಮರದ ಕಟ್ಟಳೆ

ನನ್ನಿವಾಳ ಇರುವುದು ಚಳ್ಳಕೆರೆ ತಾಲ್ಲೂಕಿನಲ್ಲಿ. ಮಳೆ ಕಡಿಮೆ, ಬಯಲು ಹೆಚ್ಚು. ಶೇಂಗಾ, ಕುರಿ, ದನ ಇವೇ ಈ ಸೀಮೆಯ ಬದುಕಿಗೆ ಆಧಾರ. ಇದು ಮ್ಯಾಸಬೇಡರ ಕಟ್ಟೆಮನೆಗಳಲ್ಲಿ ಒಂದು; ದೇವರ ಎತ್ತುಗಳನ್ನು ಭಕ್ತಿಯಿಂದ ಸಾಕಿಕೊಂಡು ಬಂದ ಸಂಪ್ರದಾಯ ಇಲ್ಲಿಯದು. 1897ರಲ್ಲಿ ಹೊರಬಂದ ಬಿ. ಎಲ್. ರೈಸ್ ಅವರ ಮೈಸೂರು ಗೆಜೆಟಿಯರಿನಲ್ಲಿ ಮ್ಯಾಸಬೇಡರ ಬಗ್ಗೆ ಒಂದು ಕುತೂಹಲದ ಸಂಗತಿ ದಾಖಲಾಗಿದೆ. ಇವರು ಮದ್ಯವನ್ನು ದೂರವಿಡುತ್ತಾರೆ. ಅಷ್ಟೇ ಅಲ್ಲ, ಹೆಂಡ ಇಳಿಸುವ ಈಚಲ ಮರವನ್ನು ಮುಟ್ಟುವುದೂ ಇಲ್ಲ.

ಆ ಕಟ್ಟಳೆ ಇಂದು ಪ್ರತಿ ಮನೆಯಲ್ಲೂ ಹಾಗೆಯೇ ಉಳಿದಿದೆ ಎಂದು ನಾನು ಹೇಳುತ್ತಿಲ್ಲ. ಆದರೆ ಅದರ ರಚನೆಯನ್ನು ಗಮನಿಸಿ. 'ಹೆಚ್ಚು ಕುಡಿಯಬೇಡ' ಎಂದು ಅದು ಹೇಳುವುದಿಲ್ಲ. ಗಡಿಗೆ ಎದುರಿಗಿರುವಾಗ ಮನಸ್ಸು ಗಟ್ಟಿ ಮಾಡಿಕೋ ಎಂದೂ ಹೇಳುವುದಿಲ್ಲ. ಮರದ ಹತ್ತಿರವೇ ಹೋಗಬೇಡ ಎನ್ನುತ್ತದೆ. ಮನುಷ್ಯನ ಮನೋಬಲವನ್ನು ನೆಚ್ಚುವ ಬದಲು ಅದು ದೂರವನ್ನು ನೆಚ್ಚಿದೆ. ಈ ಮಾತನ್ನು ಸ್ವಲ್ಪ ನೆನಪಿಟ್ಟುಕೊಳ್ಳಿ. ಕೊನೆಯಲ್ಲಿ ಮತ್ತೆ ಇಲ್ಲಿಗೇ ಬರೋಣ.

ಹೆಂಡಕ್ಕೂ ಸಾರಾಯಿಗೂ ಏನು ವ್ಯತ್ಯಾಸ?

ಈಗ ಸ್ವಲ್ಪ ರಸಾಯನಶಾಸ್ತ್ರ. ಈಚಲ ಮರದಿಂದ ಸೋರುವ ರಸ ಮೊದಲಿಗೆ ಸಿಹಿನೀರು. ಅದರಲ್ಲಿ ಸಕ್ಕರೆ ಇರುವುದರಿಂದ ಗಾಳಿಯಲ್ಲಿರುವ, ಮಡಕೆಗೆ ಅಂಟಿಕೊಂಡಿರುವ ಯೀಸ್ಟ್ ಎಂಬ ಸೂಕ್ಷ್ಮಜೀವಿಗಳು ಕೂಡಲೇ ಕೆಲಸ ಆರಂಭಿಸುತ್ತವೆ. ಸಕ್ಕರೆ ಒಡೆದು ಆಲ್ಕೋಹಾಲ್ ಮತ್ತು ಇಂಗಾಲದ ಡೈ ಆಕ್ಸೈಡ್ ಆಗುತ್ತದೆ. ಕೆಲವೇ ಗಂಟೆಗಳಲ್ಲಿ ಸಿಹಿನೀರು ಹೆಂಡವಾಗುತ್ತದೆ. ಇನ್ನೂ ಹಾಗೆಯೇ ಬಿಟ್ಟರೆ ಬೇರೆ ಬ್ಯಾಕ್ಟೀರಿಯಾಗಳು ಸೇರಿಕೊಂಡು ಆಲ್ಕೋಹಾಲನ್ನು ಅಸಿಟಿಕ್ ಆಮ್ಲವಾಗಿಸುತ್ತವೆ. ಆಗ ಅದು ಹುಳಿಯಾಗುತ್ತದೆ, ಕುಡಿಯಲಾಗದು.

ಎಂದರೆ ಹೆಂಡಕ್ಕೆ ಅದರದೇ ಆದ ಗಡಿಯಾರವಿದೆ. ಇವತ್ತು ಇಳಿಸಿದ್ದು ಇವತ್ತೇ ಮುಗಿಯಬೇಕು. ಮರ ಕೊಟ್ಟಷ್ಟೇ ಸರಕು.

ಸಾರಾಯಿಯ ಕಥೆ ಬೇರೆ. ನೀರು ಕುದಿಯುವುದು 100 ಡಿಗ್ರಿ ಸೆಲ್ಷಿಯಸ್‌ನಲ್ಲಿ, ಆಲ್ಕೋಹಾಲ್ ಕುದಿಯುವುದು ಸುಮಾರು 78 ಡಿಗ್ರಿಯಲ್ಲಿ. ಈ ವ್ಯತ್ಯಾಸವನ್ನು ಬಳಸಿ ಭಟ್ಟಿ ಇಳಿಸಿದರೆ ಆಲ್ಕೋಹಾಲಿನ ಪ್ರಮಾಣ ಹೆಚ್ಚಿರುವ ದ್ರವ ಸಿಗುತ್ತದೆ. ಅದು ಹುಳಿಯಾಗುವುದಿಲ್ಲ, ಕೆಡುವುದಿಲ್ಲ. ಪೊಟ್ಟಣದಲ್ಲಿ ತುಂಬಿ ಲಾರಿಯಲ್ಲಿ ಎಷ್ಟು ದೂರಕ್ಕಾದರೂ ಕಳಿಸಬಹುದು. ಹೆಂಡಕ್ಕಿದ್ದ ಹೊತ್ತಿನ ಗಡಿ, ಊರಿನ ಗಡಿ ಎರಡೂ ಅಳಿಸಿಹೋದವು.

ಆದರೂ ಬಯಲುಸೀಮೆಯಲ್ಲಿ ಸಾರಾಯಿ ಅಂಗಡಿ ಹೆಚ್ಚಾಗಿ ಇರುತ್ತಿದ್ದದ್ದು ಊರ ಹೊರಗೆ, ರಸ್ತೆಯಂಚಿನಲ್ಲಿ, ಒಂಟಿಯಾಗಿ. ತಗಡಿನ ಚಾವಣಿ, ಒಂದು ಬೆಂಚು, ಮುಂದೆ ಕಡಲೆಕಾಯಿ ಮಾರುವ ಬುಟ್ಟಿ. ಈ ಒಂಟಿ ಅಂಗಡಿಗೆ ನಾಲ್ಕು ತಡೆಗಳಿದ್ದವು: ದೂರ, ಹೊತ್ತು, ದುಡ್ಡು ಮತ್ತು ಊರವರ ಕಣ್ಣು. ನಡೆದು ಹೋಗಬೇಕು, ಬಾಗಿಲು ಹಾಕುವ ಮೊದಲು ಮುಗಿಸಬೇಕು, ಕಿಸೆಯಲ್ಲಿದ್ದಷ್ಟೇ, ದಾರಿಯಲ್ಲಿ ಸಿಕ್ಕ ಸೋದರಮಾವ ಎಲ್ಲಿಗೆ ಹೊರಟೆ ಎಂದು ಕೇಳುತ್ತಾನೆ. ಈ ತಡೆಗಳಿದ್ದೂ ಎಷ್ಟು ಮನೆಗಳು ಹಾಳಾದವು ಎಂಬುದನ್ನು ಹಿರಿಯರು ಬಲ್ಲರು. ಪ್ಲಾಸ್ಟಿಕ್ ಪೊಟ್ಟಣ ಬಂದ ಮೇಲಂತೂ ಅಂಗಡಿಯೇ ಕಿಸೆಯಲ್ಲಿ ಕುಳಿತು ಮನೆಗೆ ಬಂದಿತು.

ಇದಕ್ಕೆ ಮೊದಲು ತಿರುಗಿಬಿದ್ದವರು ಹೆಂಗಸರು. ಚಳ್ಳಕೆರೆ, ಮೊಳಕಾಲ್ಮುರು ತಾಲ್ಲೂಕುಗಳಿಗೆ ಅಂಟಿಕೊಂಡಿರುವ ಆಂಧ್ರಪ್ರದೇಶದಲ್ಲಿ, ನೆಲ್ಲೂರು ಜಿಲ್ಲೆಯ ದೂಬಗುಂಟ ಎಂಬ ಹಳ್ಳಿಯಿಂದ ಎದ್ದ ಸಾರಾಯಿ ವಿರೋಧಿ ಚಳವಳಿ 1992ರಲ್ಲಿ ರಾಜ್ಯವನ್ನೆಲ್ಲ ಹಬ್ಬಿತು. 1993ರ ಅಕ್ಟೋಬರ್ 1ರಿಂದ ಅಲ್ಲಿ ಸಾರಾಯಿ ನಿಷೇಧವಾಯಿತು. ನಮ್ಮ ಕರ್ನಾಟಕದಲ್ಲಿ ಅದು ಜಾರಿಗೆ ಬಂದದ್ದು 2007ರ ಜುಲೈ 1ರಂದು. ಬೇರೆ ಬಗೆಯ ಮದ್ಯ ಉಳಿಯಿತು; ಸಮಸ್ಯೆ ಮುಗಿಯಿತೆಂದು ಯಾರೂ ಹೇಳಲಾರರು. ಆದರೆ ಆ ಹೆಂಗಸರು ಒಂದು ವಿಷಯವನ್ನು ಚೆನ್ನಾಗಿ ಕಂಡುಕೊಂಡಿದ್ದರು. ಕುಡಿಯುವವನಿಗೆ ಬುದ್ಧಿ ಹೇಳುವುದರ ಜೊತೆಗೆ ಸರಕು ಎಷ್ಟು ಹತ್ತಿರಕ್ಕೆ ಬಂದಿದೆ ಎಂಬುದನ್ನೂ ಕೇಳಬೇಕು.

ದೂರದರ್ಶನಕ್ಕೂ ಒಂದು ಗಡಿಯಾರವಿತ್ತು

ಈಗ ಪರದೆಯ ಕಡೆಗೆ ಬರೋಣ. ಕರ್ನಾಟಕದ ಹಳ್ಳಿಗಳಿಗೆ ಟಿ.ವಿ. ಬಂದದ್ದು ಉಪಗ್ರಹದ ಮೂಲಕ. 1975ರ ಆಗಸ್ಟ್ 1ರಿಂದ 1976ರ ಜುಲೈ 31ರವರೆಗೆ, ಒಂದು ವರ್ಷ ಕಾಲ, ಇಸ್ರೋ ಸಂಸ್ಥೆಯು ಅಮೆರಿಕದ ಎ.ಟಿ.ಎಸ್.-6 ಉಪಗ್ರಹವನ್ನು ಬಳಸಿ ಆರು ರಾಜ್ಯಗಳ ಸುಮಾರು 2,400 ಹಳ್ಳಿಗಳಿಗೆ ಕಾರ್ಯಕ್ರಮಗಳನ್ನು ತಲುಪಿಸಿತು. 'ಸೈಟ್' ಎಂದು ಹೆಸರಾದ ಆ ಪ್ರಯೋಗದಲ್ಲಿ ಕರ್ನಾಟಕದ ಹಳ್ಳಿಗಳೂ ಇದ್ದವು. ಊರಿಗೊಂದು ಪೆಟ್ಟಿಗೆ, ಸಂಜೆ ಶಾಲೆಯ ಮುಂದೆ ಅಥವಾ ಚಾವಡಿಯ ಮುಂದೆ ಊರೆಲ್ಲ ಕುಳಿತು ನೋಡುವುದು, ಹೊತ್ತಾದ ಮೇಲೆ ಪೆಟ್ಟಿಗೆ ಮುಚ್ಚುವುದು.

ಬೆಂಗಳೂರು ದೂರದರ್ಶನ ಕೇಂದ್ರ ಆರಂಭವಾದದ್ದು 1981ರ ನವೆಂಬರ್ 1ರಂದು. ಟಿ.ವಿ. ತರಂಗಗಳು ಬಹುಮಟ್ಟಿಗೆ ನೇರ ಗೆರೆಯಲ್ಲಿ ಸಾಗುತ್ತವೆ, ಭೂಮಿಯೋ ದುಂಡಗಿದೆ. ಹಾಗಾಗಿ 100 ಮೀಟರ್ ಎತ್ತರದ ಗೋಪುರದಿಂದ ಬಯಲಿನಲ್ಲಿ ಸುಮಾರು 40 ಕಿಲೋಮೀಟರಿನವರೆಗೆ ಮಾತ್ರ ಸಂಕೇತ ಸರಿಯಾಗಿ ತಲುಪುತ್ತದೆ. ಅದಕ್ಕೇ ಅಲ್ಲಲ್ಲಿ ಮರುಪ್ರಸಾರ ಕೇಂದ್ರಗಳು, ಮನೆಯ ಮೇಲೆ ಗಳುವಿಗೆ ಕಟ್ಟಿದ ಆಂಟೆನಾಗಳು. ಗಾಳಿಗೆ ತಿರುಗಿದ ಆಂಟೆನಾವನ್ನು ಒಬ್ಬ ಮೇಲೆ ಹತ್ತಿ ಸರಿಮಾಡುವುದು, ಇನ್ನೊಬ್ಬ ಕೆಳಗಿನಿಂದ 'ಬಂತು, ಬಂತು, ಹೋಯಿತು' ಎಂದು ಕೂಗುವುದು, ಇದನ್ನು ನಿಮ್ಮ ತಂದೆತಾಯಿಯರನ್ನು ಕೇಳಿ ತಿಳಿಯಬಹುದು.

1987ರ ಜನವರಿಯಲ್ಲಿ 'ರಾಮಾಯಣ' ಧಾರಾವಾಹಿ ಆರಂಭವಾದಾಗ ಭಾನುವಾರ ಬೆಳಿಗ್ಗೆ ಬೀದಿಗಳು ಖಾಲಿಯಾಗುತ್ತಿದ್ದವು. ಆದರೆ ಮುಂದಿನ ಕಂತಿಗೆ ಏಳು ದಿನ ಕಾಯಲೇಬೇಕು. ಎಷ್ಟೇ ಆಸೆಪಟ್ಟರೂ ಎರಡನೆಯ ಕಂತು ಸಿಗುವಂತಿರಲಿಲ್ಲ. ಹೀಗೆ ಅಂದಿನ ಪ್ರಸಾರ ನಮ್ಮ ಈಚಲ ಹೆಂಡದಂತೆ. ಇಳಿಸಿದ ಹೊತ್ತಿಗೇ ಮುಗಿಯಬೇಕು. ಇಂದು ಸರ್ವರುಗಳಲ್ಲಿ ಶೇಖರಿಸಿಟ್ಟ, ಯಾವ ಹೊತ್ತಿಗೂ ಎಷ್ಟು ಬೇಕಾದರೂ ಸಿಗುವ ಧಾರಾವಾಹಿ, ಕೆಡದ, ಪೊಟ್ಟಣದಲ್ಲಿ ಕಿಸೆಗೆ ಬರುವ ಸಾರಾಯಿಯಂತೆ. 2013ರ ಫೆಬ್ರವರಿ 1ರಂದು ನೆಟ್‌ಫ್ಲಿಕ್ಸ್ ಸಂಸ್ಥೆ 'ಹೌಸ್ ಆಫ್ ಕಾರ್ಡ್ಸ್' ಧಾರಾವಾಹಿಯ ಮೊದಲ ಭಾಗದ 13 ಕಂತುಗಳನ್ನೂ ಒಂದೇ ದಿನ ಬಿಡುಗಡೆ ಮಾಡಿತು. ಭಾರತದಲ್ಲಿ 2016ರಲ್ಲಿ ಮೊಬೈಲ್ ಡೇಟಾ ತೀರ ಅಗ್ಗವಾಯಿತು. ದೂರ, ಹೊತ್ತು, ದುಡ್ಡು, ಊರವರ ಕಣ್ಣು ಈ ನಾಲ್ಕು ತಡೆಗಳೂ ಕೆಲವೇ ವರ್ಷಗಳಲ್ಲಿ ಸಡಿಲಗೊಂಡವು. ಕಂತು ಮುಗಿದ ಕೆಲವೇ ಸೆಕೆಂಡಿಗೆ ಮುಂದಿನದು ತಾನೇ ಆರಂಭವಾಗುವ ಏರ್ಪಾಡಂತೂ, ಕೇಳುವ ಮೊದಲೇ ಲೋಟ ತುಂಬಿಸುವ ಅಂಗಡಿಯವನಂತೆ.

ಇಲ್ಲಿ ನಿಮ್ಮಲ್ಲೊಬ್ಬರು ಎದ್ದು ಕೇಳಬಹುದು: 'ನಮ್ಮ ಅಜ್ಜಂದಿರು ರಾತ್ರಿಯಿಡೀ ಬಯಲಾಟ ನೋಡುತ್ತಿರಲಿಲ್ಲವೇ? 1980ರ ದಶಕದಲ್ಲಿ ವಿ.ಸಿ.ಆರ್. ಬಾಡಿಗೆಗೆ ತಂದು ಬೆಳಗಾಗುವವರೆಗೆ ಮೂರು ಸಿನಿಮಾ ನೋಡುತ್ತಿರಲಿಲ್ಲವೇ?' ಒಳ್ಳೆಯ ಪ್ರಶ್ನೆ. ನೋಡುತ್ತಿದ್ದರು, ನಿಜ. ಆದರೆ ಬಯಲಾಟ ಸುಗ್ಗಿ ಮುಗಿದ ಮೇಲೆ, ಹಬ್ಬದಲ್ಲೋ ಜಾತ್ರೆಯಲ್ಲೋ. ಬೆಳಗಾದರೆ ಮಂಗಳ ಹಾಡಲೇಬೇಕು. ಮರುದಿನ ಊರಿಗೆ ಊರೇ ಮಲಗುತ್ತಿತ್ತು. ವಿ.ಸಿ.ಆರ್. ಬಾಡಿಗೆಯೂ ಬೆಳಿಗ್ಗೆಗೆ ಮುಗಿಯುತ್ತಿತ್ತು. ರಾತ್ರಿಯೆಲ್ಲ ಎಚ್ಚರವಿದ್ದು ನೋಡುವ ಆಸೆ ಹೊಸದಲ್ಲ. ಮುಗಿಯುವ ಗಳಿಗೆಯೇ ಇಲ್ಲದಿರುವುದು ಹೊಸದು.

ಮಿದುಳಿನಲ್ಲಿ ನಡೆಯುವುದೇನು?

ಧಾರಾವಾಹಿ ಮಾಡುವ ನಮ್ಮ ವೃತ್ತಿಯ ಒಂದು ಗುಟ್ಟನ್ನು ಹೇಳುತ್ತೇನೆ. ಸಂಕಲನದ ಕೊಠಡಿಯಲ್ಲಿ ಕಂತನ್ನು ಕತ್ತರಿಸುವಾಗ ಕಥೆ ಒಂದು ನಿಲುಗಡೆಗೆ ಬಂದ ಕಡೆ ಕತ್ತರಿಸುವುದಿಲ್ಲ. ಬಾಗಿಲು ತಟ್ಟಿದ ಸದ್ದಾಗಬೇಕು, ಯಾರೆಂದು ತಿಳಿಯಬಾರದು. ಅಲ್ಲಿಗೆ ಕಂತು ಮುಗಿಯಬೇಕು. ಇದನ್ನು ಕೊಂಡಿ ಹಾಕುವುದು ಎನ್ನಬಹುದು. ವಾರಕ್ಕೊಂದು ಕಂತಿನ ಕಾಲದಲ್ಲಿ ಈ ಕೊಂಡಿ ನಿಮ್ಮನ್ನು ಮುಂದಿನ ವಾರ ಮರಳಿ ಕರೆತರುತ್ತಿತ್ತು. ಈಗ ಅದೇ ಕೊಂಡಿ ನಿಮ್ಮನ್ನು ಎದ್ದು ಹೋಗಲು ಬಿಡುವುದಿಲ್ಲ.

ಕೊಂಡಿ ಏಕೆ ಕೆಲಸ ಮಾಡುತ್ತದೆ? ಬರ್ಲಿನ್ನಿನಲ್ಲಿ ಕುರ್ಟ್ ಲೆವಿನ್ ಎಂಬ ಮನಶ್ಶಾಸ್ತ್ರಜ್ಞರ ಬಳಿ ಬ್ಲೂಮಾ ಝೈಗಾರ್ನಿಕ್ ಮತ್ತು ಮರಿಯಾ ಓವ್ಸಿಯಾಂಕಿನಾ ಎಂಬ ಇಬ್ಬರು ವಿದ್ಯಾರ್ಥಿನಿಯರಿದ್ದರು. ಹೋಟೆಲಿನ ಮಾಣಿಗೆ ಹಣ ಬಾರದ ಲೆಕ್ಕ ನೆನಪಿರುತ್ತದೆ, ಪಾವತಿಯಾದದ್ದು ಮರೆತುಹೋಗುತ್ತದೆ ಎಂಬ ಗಮನಿಕೆಯಿಂದ ಈ ವಿಚಾರ ಹುಟ್ಟಿತೆಂದು ಹೇಳುತ್ತಾರೆ. ಅರ್ಧಕ್ಕೆ ನಿಂತ ಕೆಲಸ ಹೆಚ್ಚು ನೆನಪಿನಲ್ಲಿರುತ್ತದೆ ಎಂದು ಝೈಗಾರ್ನಿಕ್ 1927ರಲ್ಲಿ ಬರೆದರು. ಅರ್ಧಕ್ಕೆ ಬಿಡಿಸಿದ ಕೆಲಸವನ್ನು ಯಾರೂ ಹೇಳದಿದ್ದರೂ ಜನ ಮತ್ತೆ ಕೈಗೆತ್ತಿಕೊಳ್ಳುತ್ತಾರೆ ಎಂದು ಓವ್ಸಿಯಾಂಕಿನಾ 1928ರಲ್ಲಿ ತೋರಿಸಿದರು. ನೆನಪಿನ ಮಾತು ಮುಂದಿನ ಪರೀಕ್ಷೆಗಳಲ್ಲಿ ಯಾವಾಗಲೂ ನಿಲ್ಲಲಿಲ್ಲ. ಆದರೆ ಮತ್ತೆ ಕೈಗೆತ್ತಿಕೊಳ್ಳುವ ತುಡಿತ ಗಟ್ಟಿಯಾಗಿ ನಿಂತಿದೆ. ನಮ್ಮ ಕೊಂಡಿ ಎಳೆಯುವುದು ಈ ತುಡಿತವನ್ನೇ.

ಎರಡನೆಯದು ನಿರೀಕ್ಷೆ. 1990ರ ದಶಕದಲ್ಲಿ ವೋಲ್ಫ್ರಾಮ್ ಶುಲ್ಟ್ಸ್ ಮತ್ತು ಅವರ ಸಂಗಡಿಗರು ಕೋತಿಗಳ ಮಿದುಳಿನ ಡೋಪಮೈನ್ ಕೋಶಗಳನ್ನು ಅಭ್ಯಸಿಸಿದರು. ಮೊದಮೊದಲು ಹಣ್ಣಿನ ರಸ ಬಾಯಿಗೆ ಬಿದ್ದಾಗ ಈ ಕೋಶಗಳು ಚುರುಕಾಗುತ್ತಿದ್ದವು. ರಸಕ್ಕೆ ಮುಂಚೆ ಒಂದು ಸೂಚನೆ ಬರುವುದು ರೂಢಿಯಾದ ಮೇಲೆ, ರಸಕ್ಕಲ್ಲ, ಸೂಚನೆಗೇ ಚುರುಕಾದವು. ಎಂದರೆ 'ಇನ್ನೇನು ಬರಲಿದೆ' ಎಂಬುದೇ ಮಿದುಳನ್ನು ಮುಂದಕ್ಕೆ ತಳ್ಳುತ್ತದೆ. ಆರನೆಯ ಕಂತಿನ ಹೊತ್ತಿಗೆ ನಿಮಗೆ ಅಷ್ಟೇನೂ ಸಂತೋಷವಾಗುತ್ತಿರುವುದಿಲ್ಲ. ಆದರೂ ಕೈ ಗುಂಡಿ ಒತ್ತುತ್ತದೆ. ಬೇಕೆನಿಸುವುದೂ ಹಿಡಿಸುವುದೂ ಒಂದೇ ಅಲ್ಲ ಎಂಬುದನ್ನು ಗಮನಿಸಿ.

ಮೂರನೆಯದು ನಿದ್ದೆ. ಹದಿಹರೆಯದಲ್ಲಿ ದೇಹದ ಒಳಗಡಿಯಾರ ತಾನಾಗಿಯೇ ಸ್ವಲ್ಪ ತಡವಾಗಿ ನಡೆಯತೊಡಗುತ್ತದೆ. ಕಣ್ಣಿನ ಹಿಂಪರದೆಯಲ್ಲಿ, ನೋಟಕ್ಕೆ ಬೇಕಾದ ಕೋಶಗಳಲ್ಲದೆ, ಹಗಲೋ ಇರುಳೋ ಎಂದು ಮಿದುಳಿಗೆ ತಿಳಿಸುವ ಕೆಲವು ಕೋಶಗಳೂ ಬೆಳಕನ್ನು ತಾವೇ ಗ್ರಹಿಸುತ್ತವೆ ಎಂಬುದು 2002ರಲ್ಲಿ ಸ್ಪಷ್ಟವಾಯಿತು. ಇವು ನೀಲಿ ಬೆಳಕಿಗೆ ಹೆಚ್ಚು ಸ್ಪಂದಿಸುತ್ತವೆ. ಮೆಲಟೋನಿನ್ ಎಂಬ ನಿದ್ದೆಯ ಸೂಚನೆಯನ್ನು ತಡೆಹಿಡಿಯುತ್ತವೆ. ಆದರೆ ಎಲ್ಲ ದೋಷವನ್ನೂ ನೀಲಿ ಬೆಳಕಿನ ಮೇಲೆ ಹೊರಿಸಬೇಡಿ. ದೊಡ್ಡ ನಷ್ಟ ಸರಳ ಲೆಕ್ಕದ್ದು. 45 ನಿಮಿಷದ 8 ಕಂತು ಎಂದರೆ 6 ಗಂಟೆ. ರಾತ್ರಿ 10ಕ್ಕೆ ಕುಳಿತವರು ಏಳುವುದು ಬೆಳಗಿನ 4ಕ್ಕೆ. ಬಸ್ಸಿಗಾಗಿ 6ಕ್ಕೆ ಏಳಬೇಕಾದರೆ ಉಳಿದದ್ದು 2 ಗಂಟೆ. 13ರಿಂದ 18 ವರ್ಷದವರಿಗೆ 8ರಿಂದ 10 ಗಂಟೆ ನಿದ್ದೆ ಬೇಕೆಂದು ತಜ್ಞರು ಹೇಳುತ್ತಾರೆ. ಹಗಲು ಓದಿದ್ದು ನೆನಪಿನಲ್ಲಿ ಭದ್ರವಾಗಿ ಕೂರುವ ಕೆಲಸದ ಒಂದು ದೊಡ್ಡ ಪಾಲು ನಡೆಯುವುದು ನಿದ್ದೆಯಲ್ಲೇ. ಆದ್ದರಿಂದ ಆ ರಾತ್ರಿ ನೀವು ಕಳೆದುಕೊಂಡದ್ದರಲ್ಲಿ ಹಿಂದಿನ ದಿನದ ಓದೂ ಸೇರಿದೆ.

ಇದು ಚಟವೇ?

ಎಚ್ಚರಿಕೆಯಿಂದ ಉತ್ತರಿಸಬೇಕಾದ ಪ್ರಶ್ನೆ ಇದು. ವಿಶ್ವ ಆರೋಗ್ಯ ಸಂಸ್ಥೆಯ ಪಟ್ಟಿಯಲ್ಲಿ ವಿಡಿಯೊ ಆಟದ ವ್ಯಸನಕ್ಕೆ 2022ರಿಂದ ಸ್ಥಾನ ದೊರೆತಿದೆ. ಧಾರಾವಾಹಿ ನೋಡುವುದಕ್ಕೆ ಅಂಥ ಹೆಸರಿಲ್ಲ. ಆಲ್ಕೋಹಾಲ್ ದೇಹವನ್ನು ಹಿಡಿಯುವಂತೆ ಧಾರಾವಾಹಿ ಹಿಡಿಯುವುದೂ ಇಲ್ಲ. ಹೋಲಿಕೆಯನ್ನು ಅಷ್ಟಕ್ಕೇ ನಿಲ್ಲಿಸಬೇಕು.

ಆದರೆ ಬೆಂಗಳೂರಿನ ನಿಮ್ಹಾನ್ಸ್ ಸಂಸ್ಥೆಯಲ್ಲಿ ಮೊಬೈಲ್, ಅಂತರ್ಜಾಲಗಳ ಮಿತಿಮೀರಿದ ಬಳಕೆಗೆಂದೇ 'ಶಟ್' ಎಂಬ ಚಿಕಿತ್ಸಾ ವಿಭಾಗವೊಂದು 2014ರಿಂದ ನಡೆಯುತ್ತಿದೆ. 2018ರಲ್ಲಿ ಅಲ್ಲಿಗೆ ಬಂದ ಒಬ್ಬ ಯುವಕನ ವಿಷಯ ದೇಶದ ಪತ್ರಿಕೆಗಳಲ್ಲೆಲ್ಲ ಬಂದಿತ್ತು. ಕೆಲಸವಿಲ್ಲದ ಆತ ಆರು ತಿಂಗಳಿಂದ ದಿನಕ್ಕೆ ಏಳು ಗಂಟೆಗೂ ಹೆಚ್ಚು ಕಾಲ ಧಾರಾವಾಹಿಗಳನ್ನೇ ನೋಡುತ್ತಿದ್ದ. ಮನೆಯವರು ಕೆಲಸದ ಮಾತೆತ್ತಿದಾಗ, ಗೆಳೆಯರು ಮುಂದೆ ಹೋದದ್ದು ಕಂಡಾಗ ಪರದೆಯ ಹಿಂದೆ ಅಡಗುತ್ತಿದ್ದ. ಇಲ್ಲಿ ಗಮನಿಸಬೇಕಾದದ್ದು ಗಂಟೆಗಳನ್ನಲ್ಲ, ಅಡಗುವುದನ್ನು. ಊರಾಚೆಯ ಅಂಗಡಿಗೆ ಹೋಗುವವನೂ ಎಷ್ಟೋ ಸಲ ಹೋಗುವುದು ಕುಡಿಯಲಿಕ್ಕಲ್ಲ, ಬೆಳೆ ಒಣಗಿದ ಹೊಲವನ್ನು, ಬ್ಯಾಂಕಿನ ನೋಟೀಸನ್ನು ಒಂದು ಗಳಿಗೆ ಮರೆಯಲಿಕ್ಕೆ. ಆದರೂ ಅಲ್ಲಿ ಪಕ್ಕದಲ್ಲಿ ಕುಳಿತವನೊಬ್ಬನಾದರೂ ಇರುತ್ತಾನೆ. ಹೊದಿಕೆಯೊಳಗೆ ಫೋನ್ ಹಿಡಿದವನ ಪಕ್ಕದಲ್ಲಿ ಯಾರೂ ಇರುವುದಿಲ್ಲ.

ಆದ್ದರಿಂದ ನಿಮ್ಮನ್ನು ನೀವೇ ಕೇಳಿಕೊಳ್ಳಬೇಕಾದ ಪ್ರಶ್ನೆ 'ಎಷ್ಟು ನೋಡಿದೆ' ಎಂಬುದೊಂದೇ ಅಲ್ಲ, 'ಯಾವುದನ್ನು ನೋಡದಿರಲು ಇದನ್ನು ನೋಡಿದೆ' ಎಂಬುದೂ ಹೌದು. ಪರೀಕ್ಷೆಯ ಭಯವೇ? ಮನೆಯ ಜಗಳವೇ? ಉತ್ತರ ಸಿಕ್ಕರೆ ಅಧ್ಯಾಪಕರಿಗೋ ಅಕ್ಕನಿಗೋ ಒಬ್ಬ ಗೆಳೆಯನಿಗೋ ಹೇಳಿ. ಹಲವು ವಾರ ಹಾಗೆಯೇ ಮುಂದುವರಿದು ಊಟ, ನಿದ್ದೆ, ಓದು ಕೆಟ್ಟಿದ್ದರೆ ವೈದ್ಯರನ್ನು ಕಾಣುವುದರಲ್ಲಿ ನಾಚಿಕೆಯಿಲ್ಲ.

ನೀವೇ ಮಾಡಿ ನೋಡಿ

ಈಗ ನನ್ನಿವಾಳಕ್ಕೆ ಮರಳೋಣ. ಆ ಹಳೆಯ ಕಟ್ಟಳೆ ತಡೆಯನ್ನು ಮರದ ಬುಡದಲ್ಲೇ ಇಟ್ಟಿತ್ತು. ನೀವೂ ಕಳಚಿಹೋದ ತಡೆಗಳನ್ನು ಒಂದೊಂದಾಗಿ ಮರಳಿ ಕಟ್ಟಬಹುದು.

ಒಂದು: ತಾನೇ ಮುಂದಿನ ಕಂತು ಆರಂಭಿಸುವ ಏರ್ಪಾಡನ್ನು ಹಗಲು ಹೊತ್ತಿನಲ್ಲೇ ನಿಲ್ಲಿಸಿಬಿಡಿ. ರಾತ್ರಿ ಒಂದು ಗಂಟೆಗೆ ಆ ಕೆಲಸ ಮಾಡುತ್ತೇನೆಂದು ನಂಬಬೇಡಿ.

ಎರಡು: ಎಷ್ಟು ಕಂತು ಎಂಬುದನ್ನು ಕೂರುವ ಮೊದಲು ಚೀಟಿಯಲ್ಲಿ ಬರೆದು ಪರದೆಯ ಪಕ್ಕ ಇಡಿ.

ಮೂರು: ಕಂತಿನ ಕೊನೆಯಲ್ಲಿ ಏಳಬೇಡಿ, ನಡುವೆ ಏಳಿ. ಕೊಂಡಿ ಇರುವುದು ಕೊನೆಯಲ್ಲಿ. ನಡುವಿನಲ್ಲಿ ಹಿಡಿತ ಸಡಿಲವಾಗಿರುತ್ತದೆ. ಮರುದಿನ ಆ ಅರ್ಧದಿಂದ ಆರಂಭಿಸಿ, ಮುಂದಿನದರ ಅರ್ಧಕ್ಕೆ ನಿಲ್ಲಿಸಿ. ನಮ್ಮಂಥ ಸಂಕಲನಕಾರರಿಗೆ ಇದು ಅಷ್ಟು ಇಷ್ಟವಾಗದು, ನಿಮಗೆ ಉಪಯೋಗವಾದೀತು.

ನಾಲ್ಕು: ಮಲಗುವಾಗ ಫೋನ್ ಇನ್ನೊಂದು ಕೋಣೆಯಲ್ಲಿರಲಿ. ಹತ್ತು ಹೆಜ್ಜೆಯ ದೂರವೂ ದೂರವೇ.

ಐದು: ಆದಷ್ಟು ಜೊತೆಯಲ್ಲಿ ಕುಳಿತು ನೋಡಿ. ಮನೆಯವರೊಡನೆ ನೋಡಿದ ಕಂತಿನ ಬಗ್ಗೆ ಮಾತು ಹುಟ್ಟುತ್ತದೆ, ಯಾರಾದರೂ ಒಬ್ಬರಿಗೆ ನಿದ್ದೆಯೂ ಬರುತ್ತದೆ.

ಇವುಗಳಲ್ಲಿ ಒಂದನ್ನು ಆರಿಸಿಕೊಂಡು ಏಳು ದಿನ ಪ್ರಯೋಗ ಮಾಡಿ. ನೋಟ್‌ಬುಕ್ಕಿನಲ್ಲಿ ಮೂರು ಕಲಮುಗಳಿರಲಿ: ಎಷ್ಟು ಕಂತು ನೋಡಬೇಕೆಂದುಕೊಂಡದ್ದು, ಎಷ್ಟು ನೋಡಿದ್ದು, ಎಷ್ಟು ಗಂಟೆ ಮಲಗಿದ್ದು. ಏಳನೆಯ ದಿನ ಮೊದಲ ಎರಡು ಕಲಮುಗಳ ವ್ಯತ್ಯಾಸ ಕೂಡಿಸಿ ನೋಡಿ. ವ್ಯತ್ಯಾಸ ಕಡಿಮೆಯಾಗಿದ್ದರೂ ಆಗದಿದ್ದರೂ ನಮಗೆ ಬರೆದು ತಿಳಿಸಿ. ಯಾವ ಉಪಾಯ ಕೆಲಸ ಮಾಡಲಿಲ್ಲ ಎಂಬುದನ್ನು ಮರೆಯದೆ ಬರೆಯಿರಿ. ಮುಂದಿನ ಸಂವಾದದಲ್ಲಿ ತಜ್ಞರ ಮುಂದಿಡಲು ನಮಗೆ ಹೆಚ್ಚು ಬೇಕಾದದ್ದು ಅದೇ.